ಮದುವೆ ದೃಶ್ಯ ಉಳಿಸಿದ ಶೂರ

“ನಾಯಿ ಇರಲಿ ಬಿಡಿ,” ಎಂದರು ಸರ್ಕಾರಿ ಸಿನಿಮಾ ಪರಿಶೀಲನಾ ಮಂಡಳಿಯ ಮುಖ್ಯಸ್ಥೆ, ಕಾಮ್ರೇಡ್ ಶೆಬೆಸ್ತೋವಾ.

ಚಿತ್ರಕಥೆ ಹಿಡಿದು ಎದುರಿಗೆ ಕೂತಿದ್ದ ಲುಬೊರ್ ಕಂಗಾಲಾದ. ಕಮ್ಯುನಿಸ್ಟ್ ಆಳ್ವಿಕೆಯ ಆ ಕಾಲದಲ್ಲಿ ಪ್ರಾಗ್‌ನ ಚಿತ್ರಕಥೆಗಾರರೆಲ್ಲ ಕಥೆಯೊಳಗೆ ಒಂದು ಬಿಳಿ ನಾಯಿಯನ್ನು ಬಿಡುತ್ತಿದ್ದರು. ಯಾತಕ್ಕೂ ಬೇಡದ ನಾಯಿ. ಪರಿಶೀಲನಾ ಮಂಡಳಿ ಅದರ ಮೇಲೆ ಬಿದ್ದು, ಕತ್ತರಿಸಿ, ದೇಶ ಕಾಪಾಡಿದ ತೃಪ್ತಿಯಲ್ಲಿ ಮನೆಗೆ ಹೋಗುತ್ತಿತ್ತು. ಉಳಿದದ್ದೆಲ್ಲ ಪಾರು. ಈ ಸಲದ ನಾಯಿ ಮಂತ್ರಿಗಳ ಭಾಷಣದ ನಡುವೆ ಆಕಳಿಸುತ್ತಿತ್ತು. ಇದಕ್ಕಿಂತ ಕೊಬ್ಬಿದ ಬಲಿ ಇಡೀ ಯುರೋಪಿನಲ್ಲಿ ಸಿಕ್ಕುತ್ತಿರಲಿಲ್ಲ. ಆದರೆ ಮಂಡಳಿ ನಕ್ಕುಬಿಟ್ಟಿತು. ನಕ್ಕ ರಭಸಕ್ಕೆ ಗೋಡೆಯ ಮೇಲಿನ ರಾಷ್ಟ್ರಾಧ್ಯಕ್ಷರ ಪಟ ವಾಲಿತು.

“ಹೋಗಬೇಕಾಗಿರೋದು ಮದುವೆ ದೃಶ್ಯ,” ಎಂದರು ಶೆಬೆಸ್ತೋವಾ. “ಮದುಮಗಳು ಅಷ್ಟು ಹೊತ್ತು ಯಾಕ್ರೀ ನಗ್ತಾಳೆ? ಯಾರನ್ನ ನೋಡಿ?”

“ಬರೆದವನೇ ಇಲ್ಲಿಗೆ ಬಂದು ವಿವರಿಸೋ ಹಾಗಿದ್ರೆ ಸಿನಿಮಾ ಯಾಕೆ ಬೇಕು, ಕಾಮ್ರೇಡ್?” ಎಂದ ಲುಬೊರ್.

“ವಿವರಿಸಬೇಡಿ. ತಿದ್ದಿ. ಪೆನ್ನು ತಗೊಳ್ಳಿ. ಎರಡೇ ಸಾಲು, ಇಲ್ಲೇ, ನನ್ನೆದುರಿಗೆ. ಇಲ್ಲಾಂದ್ರೆ ಚಿತ್ರಕಥೆ ಕಪಾಟು ಸೇರುತ್ತೆ, ಅದರ ಜೊತೆ ನಿಮ್ಮ ಹೆಸರೂ.”

ಲುಬೊರ್ ಪೆನ್ನನ್ನು ಹಾವನ್ನು ಕಂಡಂತೆ ನೋಡಿದ. ಅವನಿಗೆ ಬಂದ ಬೆವರು ಹರಿದಿದ್ದರೆ ವ್ಲ್ತಾವಾ ನದಿ ಸೇತುವೆ ದಾಟಿ ಉಕ್ಕುತ್ತಿತ್ತು. ಅವನ ಖ್ಯಾತಿ ನಿಂತದ್ದೇ ಇದರ ಮೇಲೆ: ಲುಬೊರ್ ಒಂದಕ್ಷರ ಬದಲಿಸುವವನಲ್ಲ. ನಿರ್ದೇಶಕರು ಕಾಲಿಗೆ ಬಿದ್ದಿದ್ದರು. ಒಂದು ವಾಕ್ಯ ಬದಲಿಸಿಕೊಡೆಂದು ಬೇಡಿ ಬೇಡಿ ಒಬ್ಬ ನಟಿ ಮೂರ್ಛೆ ಹೋಗಿದ್ದಳು. ಅವನು ಜಗ್ಗಿರಲಿಲ್ಲ. ಬಿಯರ್ ಅಂಗಡಿಗೆ ಕಾಲಿಟ್ಟರೆ ವಿದ್ಯಾರ್ಥಿಗಳು ಎದ್ದು ನಿಲ್ಲುತ್ತಿದ್ದರು.

ಅವನು ಪೆನ್ನಿಗೆ ಮುಚ್ಚಳ ಹಾಕಿ ಹಿಂದಕ್ಕೆ ಸರಿಸಿದ.

“ಆಗಲ್ಲ ಕಾಮ್ರೇಡ್. ಆ ದೃಶ್ಯ ಮುಟ್ಟೋ ಯೋಗ್ಯತೆ ನನಗಿಲ್ಲ.”

ಮಂಡಳಿಯ ಹಿರಿಯ ಸದಸ್ಯರೊಬ್ಬರು ಕನ್ನಡಕ ತೆಗೆದು ಕಣ್ಣೊರೆಸಿಕೊಂಡರು. ಇಂಥ ವಿನಯ, ಇಂಥ ಹಟ, ಒಂದೇ ದೇಹದಲ್ಲಿ.

ಶೆಬೆಸ್ತೋವಾ ನಿಟ್ಟುಸಿರಿಟ್ಟರು. “ನಮ್ಮಮ್ಮ ನಿಮ್ಮ ಧಾರಾವಾಹಿ ಬಿಟ್ಟು ಬೇರೇನೂ ನೋಡಲ್ಲ. ನಿಮ್ಮನ್ನ ನಿಲ್ಲಿಸಿದ್ರೆ ಭಾನುವಾರ ನನಗೆ ಊಟ ಹಾಕಲ್ಲ.” ಮುದ್ರೆ ಒತ್ತಿದರು. ಮೇಜು ನಡುಗಿತು. “ಹೋಗಿ. ಆದ್ರೂ ಆ ದೃಶ್ಯ ಜೊಳ್ಳು ಕಣ್ರೀ.”

ಲುಬೊರ್ ಗೆದ್ದ ಸೇನಾಪತಿಯಂತೆ ಬೀದಿಗಿಳಿದ. ಹೂಜಿಯೊಂದರಲ್ಲಿ ಬಿಯರ್ ತುಂಬಿಸಿಕೊಂಡು, ನೊರೆ ಚೆಲ್ಲದಂತೆ ಟ್ರಾಮ್ ಹತ್ತಿ, ನಗರದಾಚೆಯ ಆಸ್ಪತ್ರೆಯ ನೆಲಮಾಳಿಗೆಗೆ ಇಳಿದ. ಅಲ್ಲಿ ಬಾಯ್ಲರಿಗೆ ಕಲ್ಲಿದ್ದಲು ಹಾಕುತ್ತಿದ್ದವನು ಅವನ ಹಳೆಯ ಗೆಳೆಯ ವೆಂದೆಲಿನ್.

“ಪಾಸಾಯ್ತು ಕಣೋ,” ಎಂದ ಲುಬೊರ್. “ಮದುವೆ ದೃಶ್ಯ ತೆಗೀರಿ ಅಂದ್ರು. ಪ್ರಾಣ ಹೋದ್ರೂ ಬಿಡಲ್ಲ ಅಂದೆ.”

ವೆಂದೆಲಿನ್ ಸಲಿಕೆ ಒರಗಿಸಿ, ಒಂದೇ ಗುಟುಕಿಗೆ ಅರ್ಧ ಹೂಜಿ ಖಾಲಿ ಮಾಡಿ, ಮಸಿ ಹಿಡಿದ ಕೈಯಿಂದ ಮೀಸೆಯ ನೊರೆ ಒರೆಸಿಕೊಂಡ.

“ಬಿಡಬೇಕಿತ್ತು ಮಾರಾಯ. ಅದನ್ನ ಬರೆಯೋವಾಗ ಬಾಯ್ಲರ್ ಆರ್ತಾ ಇತ್ತು, ಏನೋ ಗೀಚಿ ಎದ್ದೆ. ನನ್ನ ಹೆಸರಿನ ಮೇಲೆ ನಿಷೇಧ ಇಲ್ದಿದ್ರೆ ಆ ಹೆಂಗಸಿನ ಮುಂದೆ ನಾನೇ ಕೂತು ಅದನ್ನ ಹೊಡೆದುಹಾಕ್ತಿದ್ದೆ.”