ಸದನದಲ್ಲಿ ಓದಿದ ದೂರು

ಚೆನ್ನಾಜಮ್ಮ ಹುಣಸೆಹಣ್ಣಿನ ಬೀಜ ಬಿಡಿಸುತ್ತಿದ್ದಾಗ ಶಾಸಕರ ಸಹಾಯಕ ಬಂದು ಜಗಲಿಯ ಮೇಲೆ ಕುಳಿತ.

"ಅಮ್ಮಾ, ಆಸೆ ತೋರಿಸಿ ಮಗನ ಧರ್ಮ ಬದಲಾಯಿಸಿದ್ರು ಅನ್ನೋ ನಿಮ್ಮ ದೂರನ್ನ ಸದನದಲ್ಲಿ ಓದೇ ಧಾರ್ಮಿಕ ಸ್ವಾತಂತ್ರ್ಯದ ಕಾಯ್ದೆ ತಂದ್ವಿ. ಈಗ ಹೊಸ ಸರ್ಕಾರದೋರು ಅದನ್ನ ರದ್ದು ಮಾಡ್ತಾರಂತೆ. ಇನ್ನೊಂದು ಕಾಗದ ಬೇಕು."

"ಆಗ ಬರೆದೋನು ನೀನು, ಹೆಬ್ಬೆಟ್ಟು ಒತ್ತಿದೋಳು ನಾನು. ಅವತ್ತಿಂದ ಮಗ ಮಾತಾಡಿಲ್ಲ ಕಣಪ್ಪ."

"ಅದನ್ನೂ ಸೇರಿಸಿ ಬರೀತೀನಿ ಬಿಡಿ."

"ಬ್ಯಾಡ. ಅಕ್ಷರ ಕಲ್ತು ನಾನೇ ಬರೆದಿಟ್ಟು ವರ್ಷ ಆಯ್ತು. ಕಳಿಸೋಕೆ ಧೈರ್ಯ ಬಂದಿರ್ಲಿಲ್ಲ."

ಅವಳು ಒಳಗಿಂದ ತಂದುಕೊಟ್ಟ ಅಂಟಿಸಿದ ಲಕೋಟೆಯ ಮೇಲೆ ಸಭಾಧ್ಯಕ್ಷರ ವಿಳಾಸ ಕಂಡು ಹಿಗ್ಗಿದ ಆತ, ಎದುರಿನ ಅಂಚೆ ಡಬ್ಬಿಗೆ ಅದನ್ನು ತಾನೇ ಹಾಕಿ ಬಂದ.

"ಏನು ಬರೆದಿದ್ದೀರಮ್ಮಾ?"

"ಧರ್ಮ ಬಿಡು ಅಂತ ಮಗನಿಗೆ ಯಾರೂ ಆಸೆ ತೋರಿಸ್ಲಿಲ್ಲ, ಜಾತಿ ಬಿಟ್ಟು ಮದುವೆ ಆದ ಅಂತ ಮನೆಯಿಂದ ಅಟ್ಟಿದೋಳು ನಾನೇ ಅಂತ."