ಕರೆಂಟ್ ಹೋದ ಮಧ್ಯಾಹ್ನ

ಕರೆಂಟ್ ಹೋಗಿ ನಮ್ಮ ಫುಟ್‌ಬಾಲ್ ಮ್ಯಾನೇಜರ್ ಎಂಬ ಕಂಪ್ಯೂಟರ್ ಆಟ ಅಳಿಸಿಹೋಯಿತೆಂದು ದೊಡ್ಡಪ್ಪನ ಮಗ, ನನ್ನ ಅಣ್ಣ, ಇಂದಿಗೂ ಹೇಳುತ್ತಾನೆ. ನಾನು ಒಪ್ಪುವುದಿಲ್ಲ. ಬಿಸಿಯಾದ ಧೂಳಿನ ವಾಸನೆ ಬಂದರೆ ಈಗಲೂ ಅನಗೋಳದ ದೊಡ್ಡಪ್ಪನ ಮನೆಯ ಆ ಕೋಣೆ, ಕುಂಕುಮ ಹಚ್ಚಿದ ಮಾನಿಟರ್ ಕಣ್ಣಮುಂದೆ ನಿಲ್ಲುತ್ತವೆ.

ಒಂದೇ ಕಂಪ್ಯೂಟರಿನಲ್ಲಿ ಸರದಿಯಂತೆ ಇಬ್ಬರೂ ಒಂದೊಂದು ತಂಡ ನಡೆಸುತ್ತಿದ್ದೆವು. ದೇಸೂರಿನಿಂದ ರಜೆಗೆ ಬಂದಿದ್ದ ನಾನು, ಯಾರೂ ಹೆಸರು ಕೇಳಿರದ ಹದಿನೇಳು ವರ್ಷದ ಆಟಗಾರನೊಬ್ಬನನ್ನು ಆಟದೊಳಗೆ ಹುಡುಕಿ ನನ್ನ ತಂಡಕ್ಕೆ ತಂದಿದ್ದೆ. ಅವನು ಪ್ರತಿ ಪಂದ್ಯದಲ್ಲೂ ಗೋಲು ಹೊಡೆಯುತ್ತಿದ್ದ.

ದೊಡ್ಡವ್ವ ಊಟಕ್ಕೆ ಕರೆದಳು. ಅಣ್ಣ ಹಸಿವಿಲ್ಲವೆಂದು ಅಲ್ಲೇ ಕುಳಿತ. ಕೋಣೆಯಿಂದ ಮೌಸಿನ ಟಕಟಕ ಕೇಳಿ ನಾನು ಏಳಹೋದೆ.

“ಎಲ್ಲಾರ ಊಟ ಮುಗಿಯೂತನಾ ಪಂಕ್ತಿ ಬಿಟ್ಟ ಏಳಬಾರ್ದು, ಕುಂದರು,” ಎಂದಳು ದೊಡ್ಡವ್ವ.

ದೊಡ್ಡಪ್ಪ ಗುಟುಕು ಗುಟುಕಾಗಿ ಮಜ್ಜಿಗೆ ಕುಡಿದರು.

ಕೈ ತೊಳೆದು ಬಂದಾಗ ಹದಿನೇಳರ ಆ ನನ್ನ ಹುಡುಗ ಅಣ್ಣನ ತಂಡದಲ್ಲಿದ್ದ; ನನ್ನ ಸರದಿಯನ್ನೂ ತಾನೇ ಆಡಿ ಅವನನ್ನು ತನಗೇ ಮಾರಿಕೊಂಡಿದ್ದ.

“ಅವನ ಬರ್ತೀನಿ ಅಂದ್ನಲೇ, ನಾ ಏನ್ ಮಾಡ್ಲಿ?” ಎಂದು ನಕ್ಕು ಅಣ್ಣ ಸೇವ್ ಒತ್ತಿದ.

ಸೇವ್ ಆಗುವುದು ಅರ್ಧಕ್ಕೆ ಬಂದಾಗ ನಾನು ಮೇಜಿನ ಕೆಳಗಿನ ಕಂಪ್ಯೂಟರಿನ ವೈರನ್ನು ಕಾಲಿನಿಂದ ಕಿತ್ತೆ. ಇಡೀ ಆಟವೇ ಅಳಿಸಿ, ಅಣ್ಣ ಗೆದ್ದಿದ್ದ ಮೂರು ಕಪ್‌ಗಳ ಜೊತೆ ನನ್ನ ಹುಡುಗನೂ ಹೋದ.

“ಕರೆಂಟ್ ಹೋತು,” ಎಂದೆ. ತಲೆಯ ಮೇಲೆ ಫ್ಯಾನು ತಿರುಗುತ್ತಲೇ ಇತ್ತು.

ಅಣ್ಣಾ, ಆಗ ನೀನೂ ಮ್ಯಾಲ ನೋಡಿದ್ದಿ. ಮತ್ತ ಇಷ್ಟ ವರ್ಷ ಕರೆಂಟಿನ ಮ್ಯಾಲ ಯಾಕ ಹಾಕ್ತಿ?