ಇಳಿದ ಗುಟ್ಟು

"ಅಯ್ಯೋ ಅಕ್ಕಾ, ಗುರುತೇ ಸಿಗ್ಲಿಲ್ಲ! ಎಷ್ಟು ಚೆನ್ನಾಗಿ ಇಳಿದಿದ್ದೀರಿ!"

ಮೂರು ತಿಂಗಳ ರಜೆ ಮುಗಿಸಿ ಕನ್ನಡಕದ ಅಂಗಡಿಗೆ ಕಾಲಿಟ್ಟವಳನ್ನು ಬಿಲ್ಲು ಬರೆಯುವಾಕೆ ಹಿಡಿದು ಒಂದು ಸುತ್ತು ತಿರುಗಿಸಿಯೇ ಬಿಟ್ಟಳು. ಅಂಗಡಿ ತುಂಬ ಕನ್ನಡಿ. ಯಾವ ಕಡೆ ನೋಡಿದರೂ ಸಡಿಲ ಬಟ್ಟೆಯೊಳಗೊಬ್ಬ ತೆಳ್ಳನೆಯ ಹೆಂಗಸು. ಇಪ್ಪತ್ತು ವರ್ಷ ಇಲ್ಲೇ ಗಿರಾಕಿಗಳ ಮೂಗಿಗೆ ಫ್ರೇಮು ಕೂರಿಸುತ್ತಾ, 'ಡ್ರಮ್ಮು' ಎಂಬ ಅಡ್ಡಹೆಸರಿಗೆ ನಕ್ಕು ನಕ್ಕು ಸಾಕಾಗಿದ್ದವಳು ಅವಳು. ರಜೆ ಯಾಕೆಂದು ಇಲ್ಲಿ ಯಾರಿಗೂ ಹೇಳಿರಲಿಲ್ಲ. ಈಗಲೂ ಹೇಳಲಿಲ್ಲ. ನಾಚಿಕೆಯಾಗುವಷ್ಟು ಖುಷಿಯಾಗಿತ್ತು.

ಮಧ್ಯಾಹ್ನ ಹಿಂದಿನ ಕೋಣೆಯಲ್ಲಿ ಗಂಡ ತುಂಬಿಸಿಕೊಟ್ಟ ಡಬ್ಬಿ ತೆರೆದಳು. ಅನ್ನ, ಬೇಳೆ, ಎರಡು ಮೊಟ್ಟೆ. ತೂಕ ಏರದಿದ್ದರೆ ಮುಂದಿನ ಚಿಕಿತ್ಸೆ ಕೊಡಲಾಗದು, ಮೈ ತಡೆದುಕೊಳ್ಳುವುದಿಲ್ಲ ಎಂದು ಡಾಕ್ಟರು ಖಡಾಖಂಡಿತವಾಗಿ ಹೇಳಿದ್ದರು. ಆದರೂ ಬೆಳಗಿನ ಹೊಗಳಿಕೆ ಕಿವಿಯಿಂದ ಹೋಗಿರಲಿಲ್ಲ. ಎರಡು ತುತ್ತು ತಿಂದು ಮುಚ್ಚಳ ಹಾಕಿದಳು.

ಎದುರಿಗೆ ಬಿಲ್ಲು ಬರೆಯುವಾಕೆ ನಾಲ್ಕು ಹೋಳು ಸೌತೆಕಾಯಿ ಮುಂದಿಟ್ಟುಕೊಂಡು ಕೂತಿದ್ದಳು. ಎರಡು ಮಕ್ಕಳ ತಾಯಿ, ಬೆಳಗಿನಿಂದ ನಿಂತೇ ದುಡಿದವಳು. ಅವಳ ಊಟ ಅಷ್ಟೇ.

"ಅಕ್ಕಾ, ಗುಟ್ಟು ನನಗೂ ಹೇಳಿ. ಏನು ಬಿಟ್ರಿ? ಅನ್ನಾನಾ? ನೀವು ಮಾಡಿದ್ದೇ ನಾನೂ ಮಾಡ್ತೀನಿ, ಆಣೆಗೂ."

ಇವಳು ತಟ್ಟನೆ ಆಕೆಯತ್ತ ಬಾಗಿದಳು.

"ಹಾಗನ್ನಬೇಡ. ನಾನೇನೂ ಬಿಟ್ಟಿಲ್ಲ ಕಣೇ. ಕರುಳಲ್ಲಿ ಗಡ್ಡೆ ಇತ್ತು, ಕೊಯ್ದು ತೆಗೆದ್ರು. ಇನ್ನೂ ಮುಗಿದಿಲ್ಲ."

ಆಕೆಯ ಕೈಯಲ್ಲಿದ್ದ ಹೋಳು ಕೈಯಲ್ಲೇ ಉಳಿಯಿತು. "ತಪ್ಪಾಯ್ತು ಅಕ್ಕಾ. ನಾನು ಬೆಳಿಗ್ಗೆ ಏನೇನೋ ಅಂದ್ಬಿಟ್ಟೆ."

"ನಿಂದೇನು ತಪ್ಪು? ಕೇಳಿ ನಾನೂ ಹಿಗ್ಗಿದೆನಲ್ಲ, ಅದೇ ಸಂಕಟ. ನೀವೆಲ್ಲ ಆಡ್ಕೊಳ್ತಿದ್ರಲ್ಲ, ಆ ದಪ್ಪ ಮೈಯೇ ನನ್ನನ್ನ ಆಪರೇಷನ್ ದಾಟಿಸಿದ್ದು. ಅದಕ್ಕೆ ಒಂದು ದಿನಾನೂ ನಾನು ಒಳ್ಳೆ ಮಾತಾಡ್ಲಿಲ್ಲ."

ಡಬ್ಬಿ ಮತ್ತೆ ತೆರೆದಳು. ಒಂದಷ್ಟು ಅನ್ನ, ಬೇಳೆ ಮುಚ್ಚಳಕ್ಕೆ ಹಾಕಿ ಆಕೆಯತ್ತ ತಳ್ಳಿದಳು. ಉಳಿದದ್ದನ್ನು ಗಬಗಬನೆ ಅಲ್ಲ, ನಿಧಾನವಾಗಿ, ಸವಿದು ತಿನ್ನತೊಡಗಿದಳು. ಆಕೆಯೂ ಮುಚ್ಚಳಕ್ಕೆ ಕೈ ಹಾಕಿದಳು.

ಅಷ್ಟರಲ್ಲಿ ಮಾಲೀಕರು ಬಾಗಿಲಲ್ಲಿ ಇಣುಕಿದರು. ಕೆಟ್ಟ ಮನುಷ್ಯರಲ್ಲ, ಬಾಯಿಗೆ ಮಾತ್ರ ಬೀಗವಿಲ್ಲ.

"ಜೋಪಾನ! ಹೀಗೆ ತಿಂತಾ ಕೂತ್ರೆ ಮತ್ತೆ ಮೊದಲಿನ ಹಾಗೇ ಆಗ್ಬಿಡ್ತೀರಿ!"

ಅವಳು ಬಾಯಲ್ಲಿದ್ದುದನ್ನು ಪೂರ್ತಿ ನುಂಗಿ ಮುಖವೆತ್ತಿದಳು.

"ನಿಮ್ಮ ಬಾಯಿ ಹರಕೆಯಿಂದ ಹಾಗೇ ಆಗ್ಲಿ ಸಾರ್."